ನಕಾಶೆಯಲ್ಲಿ ಉಳಿದ ದಾರಿ, ನೆಲದಲ್ಲಿ ಅಳಿದ ದಾರಿ

ಹರಿಯಾಣದ ಕಂದಾಯ ದಾಖಲೆಗಳಲ್ಲಿ ಪದೇಪದೇ ಕಾಣುವ ಒಂದು ನಮೂದು ‘ಗೈರ್ ಮುಮ್ಕಿನ್ ರಾಸ್ತಾ’. ಗೈರ್ ಮುಮ್ಕಿನ್ ಎಂದರೆ ಸಾಧ್ಯವಿಲ್ಲದ್ದು. ಇಲ್ಲಿ ಉಳುಮೆ ಸಾಧ್ಯವಿಲ್ಲದ ನೆಲ. ರಾಸ್ತಾ ಎಂದರೆ ದಾರಿ. ನಮ್ಮ ಕಡೆಯ ಪಹಣಿಯಲ್ಲಿ ಇದಕ್ಕೆ ಹತ್ತಿರದ ಪದ ‘ಬಿ ಖರಾಬು’. ಎರಡೂ ಕಡೆ ಅರ್ಥ ಒಂದೇ: ಈ ತುಂಡು ನೆಲ ಯಾರೊಬ್ಬರ ಬೆಳೆಗೂ ಅಲ್ಲ, ಊರಿನ ಓಡಾಟಕ್ಕೆ. ಗುರುಗ್ರಾಮದಿಂದ ಗುಂಡ್ಲುಪೇಟೆವರೆಗೆ ದೇಶದ ತಾಲ್ಲೂಕು ಕಚೇರಿಗಳಲ್ಲಿ ಧೂಳು ಹಿಡಿದು ಕೂತಿರುವ ವ್ಯಾಜ್ಯಗಳ ದೊಡ್ಡ ಪಾಲು ಈ ‘ಯಾರದ್ದೂ ಅಲ್ಲದ’ ನೆಲದ ಸುತ್ತಲೇ ಇದೆ.

ದೆಹಲಿ ರಾಜಧಾನಿ ವಲಯದಲ್ಲಿ ಭೂವ್ಯಾಜ್ಯದ ಕಡತಗಳನ್ನು ಓದುವುದು ನನ್ನ ವೃತ್ತಿಯ ಭಾಗ. ಊರಿನ ದಾರಿಯ ವ್ಯಾಜ್ಯ ಸಣ್ಣದು ಎಂಬ ಭಾವನೆ ನಗರದಲ್ಲಿದೆ. ಹತ್ತು ಅಡಿ ಅಗಲದ ಮಣ್ಣುಹಾದಿಗೆ ಸುಪ್ರೀಂ ಕೋರ್ಟ್‌ವರೆಗೆ ಹೋಗಬೇಕೇ ಎಂದು ಕೇಳುವವರೂ ಇದ್ದಾರೆ. ಆದರೆ ಹಿಂದೆ ಬಿದ್ದ ಹೊಲದ ಮಾಲೀಕನಿಗೆ ಆ ಹತ್ತು ಅಡಿ ಇಲ್ಲದಿದ್ದರೆ ನಾಲ್ಕು ಎಕರೆ ಇದ್ದೂ ಇಲ್ಲದಂತೆ. ಟ್ರ್ಯಾಕ್ಟರ್ ಒಳಗೆ ಹೋಗದು, ಬೆಳೆ ಹೊರಗೆ ಬಾರದು, ಮಾರಲು ಹೋದರೆ ಕೊಳ್ಳುವವರಿಲ್ಲ. ಕೊನೆಗೆ ದಾರಿ ಮುಚ್ಚಿದವನೇ ಅರ್ಧ ಬೆಲೆಗೆ ಕೇಳುತ್ತಾನೆ. ದಾರಿ ಒತ್ತುವರಿಯ ಹಿಂದಿನ ಲೆಕ್ಕಾಚಾರ ಅನೇಕ ಸಲ ಇಷ್ಟೇ.

ಎಲ್ಲರೂ ಕೊಟ್ಟು ಮಾಡಿದ ದಾರಿ

2025ರ ಸೆಪ್ಟೆಂಬರ್ 16ರಂದು ಸುಪ್ರೀಂ ಕೋರ್ಟ್ ಹರಿಯಾಣದ ಗ್ರಾಮ ಸಾಮೂಹಿಕ ಭೂಮಿಯ ಬಗ್ಗೆ ಒಂದು ಮುಖ್ಯ ತೀರ್ಪು ನೀಡಿತು. ಆಗಿನ ಮುಖ್ಯ ನ್ಯಾಯಮೂರ್ತಿ ಬಿ.ಆರ್. ಗವಾಯಿ ನೇತೃತ್ವದ ಪೀಠ ರಾಜ್ಯ ಸರ್ಕಾರದ ಮೇಲ್ಮನವಿಯನ್ನು ವಜಾ ಮಾಡಿತು. ಇದರ ಹಿನ್ನೆಲೆ ತಿಳಿದರೆ ಹಳ್ಳಿಯ ದಾರಿ ಎಲ್ಲಿಂದ ಹುಟ್ಟಿತು ಎಂಬುದೂ ತಿಳಿಯುತ್ತದೆ.

ಅವಿಭಜಿತ ಪಂಜಾಬ್–ಹರಿಯಾಣ ಪ್ರದೇಶದಲ್ಲಿ 1948ರ ಹಿಡುವಳಿ ಏಕೀಕರಣ ಕಾಯ್ದೆಯ ಅಡಿ ‘ಚಕ್‌ಬಂದಿ’ ನಡೆಯಿತು. ಅಲ್ಲೊಂದು ಇಲ್ಲೊಂದು ಚದುರಿದ್ದ ತುಂಡುಗಳನ್ನು ಸೇರಿಸಿ ಪ್ರತಿ ರೈತನಿಗೆ ಒಂದೆಡೆ ಜಮೀನು ಕೊಡುವ ಕೆಲಸ ಅದು. ಆ ಹೊತ್ತಿನಲ್ಲಿ ದಾರಿ, ಕಾಲುವೆ, ಶಾಲೆ, ಸ್ಮಶಾನ ಮುಂತಾದ ಸಾಮೂಹಿಕ ಅಗತ್ಯಗಳಿಗಾಗಿ ಪ್ರತಿಯೊಬ್ಬ ಹಿಡುವಳಿದಾರನ ಜಮೀನಿನಿಂದಲೂ ಅವನ ಪಾಲಿಗೆ ತಕ್ಕಷ್ಟು ಕಡಿತ ಮಾಡಲಾಯಿತು. ಹೀಗೆ ಕೂಡಿಟ್ಟ ನೆಲದಲ್ಲಿ ದಾರಿಗೆ, ಶಾಲೆಗೆ ಎಂದು ಗೊತ್ತುಮಾಡಿ ಉಳಿದದ್ದಕ್ಕೆ ‘ಬಚತ್’ ಭೂಮಿ ಎಂದು ಹೆಸರು. ಸಾಮೂಹಿಕ ಉದ್ದೇಶಕ್ಕೆ ತೆಗೆದ ಭೂಮಿಯೆಲ್ಲ ಪಂಚಾಯಿತಿಗೆ ಸೇರುತ್ತದೆ ಎಂಬಂತೆ ಹರಿಯಾಣ 1992ರಲ್ಲಿ ಕಾನೂನು ತಿದ್ದಿತು. 2022ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಿತು. 2024ರ ಮೇ ತಿಂಗಳಲ್ಲಿ ಮರುಪರಿಶೀಲನೆಯಲ್ಲಿ ಆ ತೀರ್ಪನ್ನೇ ಹಿಂಪಡೆಯಿತು. 2025ರಲ್ಲಿ ಹೊಸದಾಗಿ ವಿಚಾರಿಸಿ, ಯಾವ ಉದ್ದೇಶಕ್ಕೂ ಗೊತ್ತುಮಾಡದ ಬಚತ್ ಭೂಮಿ ಮೂಲ ಹಿಡುವಳಿದಾರರದ್ದೇ ಎಂದಿತು.

ತೀರ್ಪು ಬಂದ ಕೂಡಲೇ ‘ಸಾಮೂಹಿಕ ಭೂಮಿ ಮತ್ತೆ ನಮ್ಮದೇ’ ಎಂದು ಕೆಲವರು ಹಿಗ್ಗುವುದು ಸಹಜ. ಆದರೆ ಅದರಲ್ಲಿರುವ ವ್ಯತ್ಯಾಸವನ್ನು ಗಮನಿಸಬೇಕು. ಏಕೀಕರಣ ಯೋಜನೆಯಲ್ಲಿ ದಾರಿ ಎಂದು ಗುರುತಿಸಿ, ಪಂಚಾಯಿತಿಗೆ ವಹಿಸಿದ ನೆಲಕ್ಕೂ ಯಾವುದಕ್ಕೂ ಗುರುತಿಸದೆ ಉಳಿದ ನೆಲಕ್ಕೂ ನ್ಯಾಯಾಲಯ ಗೆರೆ ಎಳೆದಿದೆ. ದಾರಿ ದಾರಿಯಾಗಿಯೇ ಉಳಿಯುತ್ತದೆ. ಹಾಗಾಗಿ ಮುಂದಿನ ವರ್ಷಗಳಲ್ಲಿ ಹರಿಯಾಣದ ಹಳ್ಳಿಗಳಲ್ಲಿ ಜಗಳವಾಗುವುದು ಕಾನೂನಿನ ಮೇಲೆ ಕಡಿಮೆ, ಕಾಗದದ ಮೇಲೆ ಹೆಚ್ಚು. ಏಕೀಕರಣದ ಯೋಜನೆಯಲ್ಲಿ ಈ ತುಂಡು ‘ರಾಸ್ತಾ’ ಎಂದು ಬರೆದಿದೆಯೇ ಇಲ್ಲವೇ? ಅದನ್ನು ತೋರಿಸುವ ಹಳೆಯ ಉರ್ದು ದಾಖಲೆ ಯಾರ ಬಳಿ ಇದೆ? ಪ್ರಶ್ನೆ ಅಲ್ಲಿಗೆ ಬಂದು ನಿಲ್ಲುತ್ತದೆ.

ಇಲ್ಲಿ ಒಂದು ನೈತಿಕ ವಿಷಯವೂ ಇದೆ. ಹಳ್ಳಿಯ ದಾರಿ ಸರ್ಕಾರ ಪುಕ್ಕಟೆ ಕೊಟ್ಟದ್ದಲ್ಲ, ಊರಿನ ಪ್ರತಿ ಹಿಡುವಳಿದಾರ ತನ್ನ ಪಾಲು ಬಿಟ್ಟುಕೊಟ್ಟದ್ದರಿಂದ ಆದದ್ದು. ಅದನ್ನು ಇಂದು ಒತ್ತುವವನು ಸರ್ಕಾರದ ನೆಲವನ್ನಲ್ಲ, ನೆರೆಯವರ ಅಜ್ಜಂದಿರು ಬಿಟ್ಟುಕೊಟ್ಟ ನೆಲವನ್ನು ಒತ್ತುತ್ತಿದ್ದಾನೆ.

ವರ್ಷಕ್ಕೆ ಅರ್ಧ ಅಡಿ

ಒತ್ತುವರಿ ಒಂದೇ ರಾತ್ರಿಯಲ್ಲಿ ಆಗುವುದಿಲ್ಲ. ಹರಿಯಾಣದಲ್ಲಿ ದಾರಿಯ ಅಗಲವನ್ನು ‘ಕರಂ’ ಲೆಕ್ಕದಲ್ಲಿ ಹೇಳುತ್ತಾರೆ. ಒಂದು ಕರಂ ಹಲವೆಡೆ ಐದೂವರೆ ಅಡಿ. ಮೂರು ಕರಂ ರಾಸ್ತಾ ಎಂದರೆ 16.5 ಅಡಿ. ಅಂಥ ದಾರಿಯ 66 ಅಡಿ ಉದ್ದದ ತುಂಡು ನಮ್ಮ ಲೆಕ್ಕದಲ್ಲಿ ಸರಿಯಾಗಿ ಒಂದು ಗುಂಟೆ, ಅಂದರೆ 1,089 ಚದರ ಅಡಿ. ಎರಡೂ ಬದಿಯ ರೈತರು ಉಳುವಾಗ ವರ್ಷಕ್ಕೆ ಅರ್ಧರ್ಧ ಅಡಿ ಒಳಗೆ ಸರಿದರು ಎನ್ನಿ. ಹತ್ತು ವರ್ಷಕ್ಕೆ ಹತ್ತು ಅಡಿ ಹೋಯಿತು. ಉಳಿದದ್ದು ಆರೂವರೆ ಅಡಿ. ಎತ್ತಿನ ಗಾಡಿ ಹೇಗೋ ಹೋದೀತು. ಭತ್ತ ಕೊಯ್ಯುವ ಯಂತ್ರ, ಕಬ್ಬಿನ ಲಾರಿ ಹೋಗುವುದಿಲ್ಲ. ಯಾವ ವರ್ಷ, ಯಾವ ದಿನ ಒತ್ತುವರಿ ಆಯಿತು ಎಂದು ನ್ಯಾಯಾಲಯ ಕೇಳಿದರೆ ಉತ್ತರ ಇರುವುದಿಲ್ಲ.

ಮೊದಲು ಉಳುಮೆ, ಆಮೇಲೆ ಬದು, ಆಮೇಲೆ ಬೇಲಿ, ಕೊನೆಗೆ ಗೇಟು. ಗೇಟು ಬಂದಾಗ ಮಾತ್ರ ಊರಿಗೆ ಎಚ್ಚರವಾಗುತ್ತದೆ. ಅಷ್ಟು ಹೊತ್ತಿಗೆ ಒತ್ತಿದವನ ಕೈಯಲ್ಲಿ ಹತ್ತು ವರ್ಷದ ‘ಸ್ವಾಧೀನ’ ಇರುತ್ತದೆ.

ಒಂದು ವಲಯ, ಹಲವು ಕಾನೂನು

ದೆಹಲಿ ರಾಜಧಾನಿ ವಲಯದ ವಿಚಿತ್ರವೆಂದರೆ ಮೆಟ್ರೊ ಒಂದೇ, ಭೂ ಕಾನೂನು ಬೇರೆ ಬೇರೆ. ಫರೀದಾಬಾದ್, ಗುರುಗ್ರಾಮ, ಸೋನಿಪತ್ ಹರಿಯಾಣದಲ್ಲಿವೆ. ಅಲ್ಲಿ 1961ರ ಗ್ರಾಮ ಸಾಮೂಹಿಕ ಭೂಮಿ ಕಾಯ್ದೆಯ 7ನೇ ಕಲಂ ಪ್ರಕಾರ ಸಹಾಯಕ ಕಲೆಕ್ಟರ್ ಒತ್ತುವರಿ ತೆರವು ಮಾಡಿಸಬಹುದು. ನೊಯಿಡಾ, ಗಾಜಿಯಾಬಾದ್ ಉತ್ತರ ಪ್ರದೇಶದಲ್ಲಿವೆ. ಅಲ್ಲಿ ಹಳ್ಳಿಯ ಹೊಲದ ದಾರಿಗೆ ‘ಚಕ್‌ರೋಡ್’ ಎನ್ನುತ್ತಾರೆ. 2016ರಲ್ಲಿ ಜಾರಿಗೆ ಬಂದ ಉತ್ತರ ಪ್ರದೇಶ ಕಂದಾಯ ಸಂಹಿತೆಯ 25ನೇ ಕಲಂ ಓಡಾಟದ ಹಕ್ಕಿನ ವಿವಾದವನ್ನೂ 26ನೇ ಕಲಂ ದಾರಿಯ ಅಡ್ಡಿಯನ್ನು ತೆಗೆಸುವ ಅಧಿಕಾರವನ್ನೂ ತಹಶೀಲ್ದಾರರಿಗೆ ಕೊಡುತ್ತವೆ. 67ನೇ ಕಲಂ ಗ್ರಾಮ ಪಂಚಾಯಿತಿಯ ಆಸ್ತಿಯ ಒತ್ತುವರಿಗೆ ದಂಡ ಮತ್ತು ತೆರವು. ರಾಜಸ್ಥಾನದ ಅಲ್ವರ್ ಕೂಡ ಈ ವಲಯದ ಭಾಗ. ಅಲ್ಲಿಯ 1955ರ ಗೇಣಿ ಕಾಯ್ದೆಯ 251ಎ ಕಲಂ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ದಾರಿಯೇ ಇಲ್ಲದ ರೈತ ಪರಿಹಾರ ಕೊಟ್ಟು ನೆರೆಯವನ ಜಮೀನಿನಲ್ಲಿ ಹೊಸ ದಾರಿ ಪಡೆಯಲು ಅವಕಾಶ ಕೊಟ್ಟಿದೆ.

ದೆಹಲಿಯ ಕಥೆ ಬೇರೆಯೇ. 1908ರಲ್ಲಿ ಬ್ರಿಟಿಷರ ಕಂದಾಯ ಅಧಿಕಾರಿಗಳು ಊರಿನ ವಾಸದ ಭಾಗವನ್ನು ನಕಾಶೆಯಲ್ಲಿ ಕೆಂಪು ಗೆರೆಯಿಂದ ಸುತ್ತಿದರು. ಅದೇ ‘ಲಾಲ್ ಡೋರಾ’. ಗೆರೆಯ ಹೊರಗಿನ ಹೊಲಗಳಿಗೆ ದಾಖಲೆ ಇತ್ತು. ಒಳಗಿನ ಮನೆ, ಓಣಿಗಳಿಗೆ ಪ್ರತ್ಯೇಕ ಹಕ್ಕುಪತ್ರ ಇರಲಿಲ್ಲ. ಅದರ ಮೇಲೆ, ದೆಹಲಿ ಮಹಾನಗರ ಪಾಲಿಕೆ ಕಾಯ್ದೆಯ 507ನೇ ಕಲಂ ಅಡಿ ಒಂದು ಹಳ್ಳಿಯನ್ನು ‘ನಗರೀಕೃತ’ ಎಂದು ಘೋಷಿಸಿದ ಕೂಡಲೇ ಅಲ್ಲಿಗೆ 1954ರ ಭೂಸುಧಾರಣಾ ಕಾಯ್ದೆ ಅನ್ವಯಿಸುವುದು ನಿಲ್ಲುತ್ತದೆ. 2023ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟಪಡಿಸಿತು. ಗ್ರಾಮಸಭೆ ಇಲ್ಲವಾಗುತ್ತದೆ. ಅದರ ಭೂಮಿ ಕೇಂದ್ರ ಸರ್ಕಾರಕ್ಕೆ, ಅಲ್ಲಿಂದ ದೆಹಲಿ ಅಭಿವೃದ್ಧಿ ಪ್ರಾಧಿಕಾರದ ಕೈಗೆ ಹೋಗುತ್ತದೆ. ನೊಯಿಡಾ ಪ್ರಾಧಿಕಾರದ ವ್ಯಾಪ್ತಿಯ ಹಳ್ಳಿಗಳಲ್ಲೂ ಕೆಲವು ವರ್ಷಗಳಿಂದ ಪಂಚಾಯಿತಿ ಚುನಾವಣೆ ಇಲ್ಲ.

ಇದರ ಪರಿಣಾಮ ನೋಡಿ. ಹಳ್ಳಿಯಾಗಿದ್ದಾಗ ದಾರಿಗೆ ಒಬ್ಬ ಕಾವಲುಗಾರ ಇದ್ದ: ಪಂಚಾಯಿತಿ. ಅದು ಸರಿಯಾಗಿ ಕೆಲಸ ಮಾಡಿತೋ ಇಲ್ಲವೋ, ಹೋಗಿ ಕೇಳಲು ಒಂದು ಬಾಗಿಲಾದರೂ ಇತ್ತು. ನಗರ ಬಂದ ಮೇಲೆ ಆ ಬಾಗಿಲು ಮುಚ್ಚಿತು. ಹೊಸ ಯಜಮಾನ ಹತ್ತಾರು ಕಿಲೊಮೀಟರ್ ದೂರದ ದೊಡ್ಡ ಕಚೇರಿ. ಜಮೀನಿನ ಬೆಲೆ ಚದರ ಗಜದ ಲೆಕ್ಕಕ್ಕೆ ಏರುವ ಹೊತ್ತಿಗೇ ಕಾವಲುಗಾರ ಇಲ್ಲವಾದದ್ದು ಈ ವಲಯದ ದಾರಿ ವ್ಯಾಜ್ಯಗಳ ಮೂಲ ಕಾರಣ ಎಂದು ನನ್ನ ಅಭಿಪ್ರಾಯ.

ರೋಹರ್ ಜಾಗೀರ್‌ನಿಂದ ಸರ್ಸಾದ್‌ವರೆಗೆ

ನ್ಯಾಯಾಲಯಗಳು ಈ ವಿಷಯದಲ್ಲಿ ಮೃದುವಾಗಿಲ್ಲ. 2011ರ ಜನವರಿ 28ರಂದು ನ್ಯಾಯಮೂರ್ತಿಗಳಾದ ಮಾರ್ಕಂಡೇಯ ಕಾಟ್ಜು ಮತ್ತು ಜ್ಞಾನ ಸುಧಾ ಮಿಶ್ರಾ ಅವರ ಪೀಠ ಪಟಿಯಾಲ ಜಿಲ್ಲೆಯ ರೋಹರ್ ಜಾಗೀರ್ ಗ್ರಾಮದ ಕೆರೆ ಒತ್ತುವರಿ ಪ್ರಕರಣದಲ್ಲಿ ಕೊಟ್ಟ ತೀರ್ಪು ಇಂದಿಗೂ ಆಧಾರ. ಗ್ರಾಮ ಸಾಮೂಹಿಕ ಭೂಮಿಯ ಒತ್ತುವರಿ ತೆರವಿಗೆ ಎಲ್ಲ ರಾಜ್ಯಗಳೂ ಯೋಜನೆ ರೂಪಿಸಬೇಕು. ಬಹುಕಾಲದ ಸ್ವಾಧೀನ, ಕಟ್ಟಡಕ್ಕೆ ಸುರಿದ ಹಣ, ರಾಜಕೀಯ ನಂಟು ಇವ್ಯಾವುವೂ ಸಕ್ರಮಕ್ಕೆ ಕಾರಣವಾಗಬಾರದು ಎಂದು ಅದು ಹೇಳಿತು. ಭೂರಹಿತರಿಗೆ, ಪರಿಶಿಷ್ಟರಿಗೆ ಸರ್ಕಾರಿ ಅಧಿಸೂಚನೆಯ ಅಡಿ ಕೊಟ್ಟ ಗುತ್ತಿಗೆ, ಈಗಾಗಲೇ ಶಾಲೆ ಅಥವಾ ಔಷಧಾಲಯ ಇರುವ ಜಾಗ ಇಂಥವುಗಳಿಗೆ ಮಾತ್ರ ವಿನಾಯಿತಿ ಇಟ್ಟಿತು.

ಹತ್ತು ವರ್ಷದ ನಂತರ, 2021ರ ಜನವರಿಯಲ್ಲಿ, ಸೋನಿಪತ್ ಜಿಲ್ಲೆ ಗೋಹಾನಾ ತಹಶೀಲಿನ ಸರ್ಸಾದ್ ಗ್ರಾಮದ ಪ್ರಕರಣ ಬಂತು. ಪಂಚಾಯಿತಿಯ ನೆಲದಲ್ಲಿ ಮನೆ ಕಟ್ಟಿಕೊಂಡವರು ಅದನ್ನು ತಮಗೇ ಮಾರಬೇಕು ಎಂದು ಕೋರಿದ್ದರು. ಹರಿಯಾಣದ ನಿಯಮದಲ್ಲಿ ಆಗ 200 ಚದರ ಗಜದ ಮಿತಿ ಇತ್ತು; ಅವರ ಸ್ವಾಧೀನ ಅದಕ್ಕಿಂತ ಹೆಚ್ಚಿತ್ತು. ಸಕ್ರಮ ಎಂಬುದು ಒತ್ತುವರಿದಾರನ ಹಕ್ಕಲ್ಲ, ಷರತ್ತು ಅಕ್ಷರಶಃ ಪೂರೈಸಿದರೆ ಮಾತ್ರ ಸಿಗುವ ಅವಕಾಶ ಎಂದು ಸುಪ್ರೀಂ ಕೋರ್ಟ್ ಅರ್ಜಿ ತಳ್ಳಿಹಾಕಿತು. ಆದರೆ 2024ರಲ್ಲಿ ಹರಿಯಾಣ ತನ್ನ ಕಾನೂನನ್ನೇ ತಿದ್ದಿ, 2004ರ ಮಾರ್ಚ್ 31ಕ್ಕೆ ಮೊದಲು ಕಟ್ಟಿದ ಮನೆಗಳಿಗೆ 500 ಚದರ ಗಜದವರೆಗೆ ಕೊಳ್ಳುವ ದಾರಿ ಮಾಡಿಕೊಟ್ಟಿತು. ನ್ಯಾಯಾಲಯ ಬಾಗಿಲು ಬಿಗಿ ಮಾಡಿದರೆ ಶಾಸನಸಭೆ ಕಿಟಕಿ ತೆರೆಯುತ್ತದೆ. ಬಡವನ ಸೂರನ್ನು ಉಳಿಸುವ ಉದ್ದೇಶ ಒಳ್ಳೆಯದೇ. ಆದರೆ ಪ್ರತಿ ಸಕ್ರಮವೂ ಮುಂದಿನ ಒತ್ತುವರಿದಾರನಿಗೆ ‘ಕಾದು ನೋಡು’ ಎಂಬ ಸಂದೇಶ ಕೊಡುತ್ತದೆ ಎಂಬುದನ್ನು ಮರೆಯುವಂತಿಲ್ಲ.

ಉತ್ತರ ಪ್ರದೇಶದಲ್ಲಿ 2025ರ ಅಕ್ಟೋಬರ್‌ನಲ್ಲಿ ಅಲಹಾಬಾದ್ ಹೈಕೋರ್ಟ್ ಮಿರ್ಜಾಪುರ ಜಿಲ್ಲೆಯ ಒಂದು ಕೆರೆಯ ಪ್ರಕರಣದ ನೆಪದಲ್ಲಿ ರಾಜ್ಯದಾದ್ಯಂತ ಸಾರ್ವಜನಿಕ ಭೂಮಿಯ ಒತ್ತುವರಿಯನ್ನು 90 ದಿನಗಳಲ್ಲಿ ತೆರವು ಮಾಡಲು ಸೂಚಿಸಿತು. ಸುಮ್ಮನಿದ್ದ ಗ್ರಾಮ ಪ್ರಧಾನರು, ಲೇಖಪಾಲರ ಮೇಲೂ ಕ್ರಮ ಆಗಬೇಕು ಎಂದಿತು. ಬುಲ್ಡೋಜರ್ ಕುರಿತ 2024ರ ನವೆಂಬರ್ 13ರ ತೀರ್ಪಿನಲ್ಲಿ, ಕಟ್ಟಡ ಕೆಡವುವ ಮುನ್ನ 15 ದಿನಗಳ ನೋಟಿಸ್ ಕಡ್ಡಾಯ ಎಂದ ಸುಪ್ರೀಂ ಕೋರ್ಟ್ ಕೂಡ ರಸ್ತೆ, ಬೀದಿ, ಕಾಲುದಾರಿ, ಜಲಮೂಲದಂಥ ಸಾರ್ವಜನಿಕ ಜಾಗದ ಅನಧಿಕೃತ ಕಟ್ಟಡಗಳಿಗೆ ಆ ನಿರ್ದೇಶನ ಅನ್ವಯಿಸದು ಎಂದು ಹೊರಗಿಟ್ಟಿತು. ದಾರಿಗೆ ಕಾನೂನಿನಲ್ಲಿ ಇಷ್ಟು ಬಲ ಇದೆ. ಹಾಗಿದ್ದರೂ ದಾರಿ ತೆರೆಯುವುದಿಲ್ಲವೇಕೆ?

ಕಾಲವೇ ಒತ್ತುವರಿದಾರನ ಬಂಡವಾಳ

ಉತ್ತರ ಪ್ರಕ್ರಿಯೆಯಲ್ಲಿದೆ. ಸಾರ್ವಜನಿಕ ದಾರಿಗೆ ಅಡ್ಡಿಯಾದರೆ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟ್ ಅದನ್ನು ತೆಗೆಸಬಹುದು; ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಇದು 133ನೇ ಕಲಂ, ಈಗಿನ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 152. ಆದರೆ ಎದುರುದಾರ ‘ಇದು ಸಾರ್ವಜನಿಕ ದಾರಿಯೇ ಅಲ್ಲ’ ಎಂದು ನಂಬಬಹುದಾದ ಪುರಾವೆ ಮುಂದಿಟ್ಟರೆ, ಸಿವಿಲ್ ನ್ಯಾಯಾಲಯ ತೀರ್ಮಾನಿಸುವವರೆಗೆ ಮ್ಯಾಜಿಸ್ಟ್ರೇಟ್ ಕೈ ಕಟ್ಟಿ ಕೂರಬೇಕು. ತ್ವರಿತ ಪರಿಹಾರ ಅಲ್ಲಿಗೆ ತ್ವರಿತವಾಗಿ ಉಳಿಯುವುದಿಲ್ಲ. ಅಳತೆಗೆ ಅರ್ಜಿ, ಅಳತೆಗೆ ತಕರಾರು, ಮರು ಅಳತೆ, ಮೇಲ್ಮನವಿ, ತಡೆಯಾಜ್ಞೆ. ದಾರಿ ಕೇಳುವವನಿಗೆ ಪ್ರತಿ ಸುಗ್ಗಿಯೂ ನಷ್ಟ. ದಾರಿ ಮುಚ್ಚಿದವನಿಗೆ ಪ್ರತಿ ವಾಯಿದೆಯೂ ಲಾಭ.

ಇನ್ನೊಂದು ಕಾರಣ ಊರಿನ ರಾಜಕೀಯ. ದಾರಿ ಒತ್ತಿದವನು ಪಂಚಾಯಿತಿ ಸದಸ್ಯನ ಭಾವಮೈದುನನೋ ಮುಂದಿನ ಚುನಾವಣೆಯ ಹತ್ತು ಮತಗಳ ಯಜಮಾನನೋ ಆಗಿರುತ್ತಾನೆ. ಬೇಲಿಯೇ ಎದ್ದು ಹೊಲ ಮೇಯುವಾಗ ದೂರು ಕೊಡುವುದು ಯಾರಿಗೆ?

ಮೂರನೆಯದು ಜಾತಿ. ದಲಿತ ಕೇರಿಯ ದಾರಿ, ಸ್ಮಶಾನದ ದಾರಿ ಮುಚ್ಚುವುದು ಹಳ್ಳಿಯಲ್ಲಿ ಬಹಿಷ್ಕಾರದ ಹಳೆಯ ಅಸ್ತ್ರ. ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆ ಕಾಯ್ದೆಗೆ 2015ರಲ್ಲಿ ತಂದ ತಿದ್ದುಪಡಿ, ಸಾಮೂಹಿಕ ಆಸ್ತಿ, ಸ್ಮಶಾನ, ರಸ್ತೆ, ಹಾದಿಗಳ ಬಳಕೆಗೆ ಅಡ್ಡಿಪಡಿಸುವುದನ್ನು ಹೆಸರಿಸಿಯೇ ಅಪರಾಧವೆಂದಿದೆ. ಅಂಥ ಕಡೆ ‘ಇದು ಬರೀ ಸಿವಿಲ್ ಮ್ಯಾಟರು, ಕೋರ್ಟಿಗೆ ಹೋಗಿ’ ಎಂದು ಪೊಲೀಸರು ಕಳಿಸಿಬಿಡುವುದು ಕಾನೂನಿಗೆ ವಿರುದ್ಧ.

ನಮ್ಮೂರಿನ ಬಿ ಖರಾಬು

ಈಗ ನಮ್ಮ ಕಡೆಗೆ ಬರೋಣ. ಹೊರನಾಡಿನಲ್ಲಿರುವ ನಮ್ಮಲ್ಲಿ ಅನೇಕರಿಗೆ ಊರಲ್ಲಿ ಎರಡೋ ಮೂರೋ ಎಕರೆ ಉಳಿದಿದೆ. ಅಪ್ಪ ಇಲ್ಲ, ಅಮ್ಮ ಒಬ್ಬರೇ, ಅಥವಾ ಚಿಕ್ಕಪ್ಪ ನೋಡಿಕೊಳ್ಳುತ್ತಿದ್ದಾರೆ. ಒಂದು ದಿನ ಫೋನು ಬರುತ್ತದೆ: ‘ದಾರಿಗೆ ತಂತಿಬೇಲಿ ಬಿಗಿದವ್ರೆ ಕಣಪ್ಪ, ಗಾಡಿ ಹೋಗಂಗಿಲ್ಲ.’ ಯುಗಾದಿಗೆ ಬಂದಾಗ ನೋಡೋಣ ಎಂದು ನಾವು ಹೇಳುತ್ತೇವೆ. ಆ ‘ನೋಡೋಣ’ ಎಷ್ಟು ದುಬಾರಿ ಎಂಬುದನ್ನು ತಿಳಿಯಲು ದಾರಿಯಲ್ಲಿ ಎರಡು ಬಗೆ ಇದೆ ಎಂಬುದನ್ನು ಮೊದಲು ತಿಳಿಯಬೇಕು.

ಮೊದಲನೆಯದು ನಕಾಶೆಯಲ್ಲಿ ಕಂಡ ದಾರಿ. ಕರ್ನಾಟಕ ಭೂಕಂದಾಯ ಕಾಯ್ದೆ 1964ರ 67ನೇ ಕಲಂ ಪ್ರಕಾರ ಖಾಸಗಿಯವರದ್ದಲ್ಲದ ಸಾರ್ವಜನಿಕ ರಸ್ತೆ, ಬೀದಿ, ಓಣಿ, ಹಾದಿಗಳು ರಾಜ್ಯ ಸರ್ಕಾರದ ಸ್ವತ್ತು. ಜಮೀನಿನೊಳಗೇ ಹಾದು ಹೋದ ದಾರಿಯನ್ನು ‘ಬಿ ಖರಾಬು’ ಎಂದು ಬಿಟ್ಟಿರುತ್ತಾರೆ. ಅದಕ್ಕೆ ಕಂದಾಯ ಇಲ್ಲ, ಮಾರುವ ಹಕ್ಕೂ ಇಲ್ಲ. ಉಳಲು ಬಾರದ ಕಲ್ಲು, ಹಳ್ಳದ ನೆಲ ‘ಎ ಖರಾಬು’; ಅದು ಬೇರೆ. ಎರಡನ್ನೂ ಬೆರೆಸಿ ‘ಖರಾಬು ನಮ್ಮದೇ’ ಎಂದು ವಾದಿಸುವುದು ಒತ್ತುವರಿದಾರರ ಮಾಮೂಲಿ ವರಸೆ. ನಕಾಶೆ ಕಂಡ ದಾರಿಯ ಮೇಲಿನ ಸಾರ್ವಜನಿಕರ ಹಕ್ಕು ತಾನಾಗಿ ಅಳಿಯದು. ಅದನ್ನು ಕೈಬಿಡಬೇಕಾದರೂ 68ನೇ ಕಲಂ ಪ್ರಕಾರ ನೋಟಿಸ್ ಹೊರಡಿಸಿ, ಆಕ್ಷೇಪ ಕೇಳಿಯೇ ಮಾಡಬೇಕು. 104ನೇ ಕಲಂ ಅಡಿ ತೆರವು, 192ಎ ಅಡಿ ಶಿಕ್ಷೆ ಎರಡೂ ಇವೆ. ರೈತರ ಜಮೀನಿಗೆ ಹೋಗುವ ಕಾಲುದಾರಿ, ಬಂಡಿದಾರಿಗಳ ಅಡ್ಡಿ ತೆಗೆಸುವಂತೆ 2023ರಲ್ಲಿ ಕಂದಾಯ ಇಲಾಖೆ ತಹಶೀಲ್ದಾರರಿಗೆ ಸುತ್ತೋಲೆಯನ್ನೂ ಕಳಿಸಿತು.

ಎರಡನೆಯದು ನಕಾಶೆಯಲ್ಲಿ ಇಲ್ಲದ, ರೂಢಿಯಿಂದ ಬಂದ ದಾರಿ. ನೆರೆಯವನ ಖಾಸಗಿ ಜಮೀನಿನ ಅಂಚಿನಲ್ಲಿ ತಲೆಮಾರಿನಿಂದ ಓಡಾಡಿದ ಜಾಡು. ಇಲ್ಲಿ 1882ರ ಅನುಭೋಗದ ಹಕ್ಕುಗಳ ಕಾಯ್ದೆ ಬರುತ್ತದೆ. 15ನೇ ಕಲಂ ಪ್ರಕಾರ 20 ವರ್ಷ ಬಹಿರಂಗವಾಗಿ, ಶಾಂತಿಯಿಂದ, ತಡೆಯಿಲ್ಲದೆ, ಹಕ್ಕೆಂದು ಬಳಸಿದ್ದರೆ ದಾರಿಯ ಹಕ್ಕು ಬರುತ್ತದೆ. ಆದರೆ ಆ 20 ವರ್ಷ, ದಾವೆ ಹೂಡುವ ದಿನದ ಹಿಂದಿನ ಎರಡು ವರ್ಷಗಳೊಳಗೆ ಮುಗಿದಿರಬೇಕು. ಅಡ್ಡಿಯಾದದ್ದೂ ಮಾಡಿದವರು ಯಾರೆಂಬುದೂ ಗೊತ್ತಿದ್ದು ಒಂದು ವರ್ಷ ಸುಮ್ಮನಿದ್ದರೆ ಬಳಕೆಗೆ ತಡೆ ಬಿದ್ದಂತೆ. ಕಳೆದುಹೋದ ಸಾರ್ವಜನಿಕ ರಸ್ತೆಯನ್ನು ಮರಳಿ ಪಡೆಯಲು ಸ್ಥಳೀಯ ಸಂಸ್ಥೆಗೆ ಕಾಲಮಿತಿ ಕಾಯ್ದೆ 30 ವರ್ಷ ಕೊಟ್ಟಿದೆ. ರೂಢಿದಾರಿಯ ರೈತನಿಗೆ ಇರುವುದು ಎರಡೇ ವರ್ಷ. ಅಂದರೆ ಎರಡು ಯುಗಾದಿ. ಕೋವಿಡ್ ಕಾಲದಲ್ಲಿ ಊರಿಗೆ ಹೋಗಲಾಗದೆ ಇಷ್ಟು ಸಮಯ ನಮ್ಮಲ್ಲಿ ಎಷ್ಟೋ ಜನರ ಕೈಬಿಟ್ಟು ಹೋಯಿತು.

ಇನ್ನೊಂದು ಸೂಕ್ಷ್ಮವಿದೆ. ‘ಹೋಗ್ಲಿ ಬಿಡಪ್ಪ, ಓಡಾಡ್ಕೊ’ ಎಂದು ನೆರೆಯವರು ಅನುಮತಿ ಕೊಟ್ಟು ಬಳಸಿದ ದಾರಿ ಎಷ್ಟು ವರ್ಷವಾದರೂ ಹಕ್ಕಾಗುವುದಿಲ್ಲ; ಅದು ಬರೀ ಪರವಾನಗಿ, ಸಾಮಾನ್ಯವಾಗಿ ಕೊಟ್ಟವರು ಹಿಂಪಡೆಯಬಹುದು. ಅಣ್ಣತಮ್ಮಂದಿರ ನಡುವೆ ಪಾಲಾದ ಜಮೀನಿನಲ್ಲಿ ಹಿಂದಿನ ತುಂಡಿಗೆ ಬೇರೆ ದಾರಿಯೇ ಇಲ್ಲದಿದ್ದರೆ 13ನೇ ಕಲಂ ಅಗತ್ಯದ ದಾರಿಯನ್ನು ಕೊಡುತ್ತದೆ. ಆದರೆ ಸುತ್ತಿ ಬಳಸಿ ಇನ್ನೊಂದು ದಾರಿ ಸಿಕ್ಕರೆ ಆ ಹಕ್ಕು ಮುಗಿಯುತ್ತದೆ. ಪಾಲುಪಟ್ಟಿ ಬರೆಸುವಾಗ ತೆಂಗಿನ ಮರಗಳನ್ನು ಎಣಿಸಿ ಬರೆಯುವ ನಾವು ದಾರಿಯನ್ನು ಒಂದು ಸಾಲಿನಲ್ಲೂ ಬರೆಸುವುದಿಲ್ಲ. ಅಣ್ಣತಮ್ಮಂದಿರು ಚೆನ್ನಾಗಿದ್ದಾರೆ ಎಂಬ ಭರವಸೆ. ಅವರ ಮಕ್ಕಳ ಕಾಲಕ್ಕೆ ಆ ಒಂದು ಸಾಲು ಇಲ್ಲದ್ದಕ್ಕೇ ದಾವೆ ಹುಟ್ಟುತ್ತದೆ.

ಬೇಲಿ ಹಾಕುವವರು ನಾವೇ ಆದಾಗ

ಇಷ್ಟರಲ್ಲಿ ನಾವು ಅನ್ಯಾಯಕ್ಕೊಳಗಾದವರು ಎಂದುಕೊಂಡರೆ ಅರ್ಧ ಸತ್ಯ. ಗುರುಗ್ರಾಮ, ಗ್ರೇಟರ್ ನೊಯಿಡಾದ ಕಾಲೊನಿಗಳಲ್ಲಿ ಕಾಂಪೌಂಡ್ ಗೋಡೆಯೊಳಗೆ ಕಂದಾಯ ರಾಸ್ತಾ, ಚಕ್‌ರೋಡ್ ಸಿಕ್ಕಿಕೊಂಡಿರುವ ವಿವಾದಗಳು ಹೊಸವಲ್ಲ. ಸುತ್ತಲಿನ ಹೊಲಗಳೆಲ್ಲ ಬಿಲ್ಡರ್ ಕೈಗೆ ಬಂದ ಮೇಲೆ ನಡುವಿನ ರಾಸ್ತಾ ಉದ್ಯಾನದೊಳಗೆ ಸೇರಿಹೋಗುತ್ತದೆ. ಹಳ್ಳಿಯ ಹೆಂಗಸರು ಹುಲ್ಲಿನ ಹೊರೆ ಹೊತ್ತು ಬಂದರೆ ಕಾವಲುಗಾರ ಗೇಟಿನಲ್ಲಿ ತಡೆಯುತ್ತಾನೆ. ‘ಹೊರಗಿನವರು ಒಳಗೆ ಬರುತ್ತಾರೆ’ ಎಂದು ನಿವಾಸಿಗಳ ವಾಟ್ಸ್ಆ್ಯಪ್ ಗುಂಪಿನಲ್ಲಿ ದೂರು. ಅಲ್ಲಿ ಹೊರಗಿನವರು ಯಾರು ಎಂಬ ಪ್ರಶ್ನೆಗೆ ನಕಾಶೆ ಕೊಡುವ ಉತ್ತರ ಬೇರೆ ಇರುತ್ತದೆ.

ಊರಿನಲ್ಲೂ ಹಾಗೆಯೇ. ಸಂಬಳದ ಉಳಿತಾಯದಲ್ಲಿ ಊರ ಹತ್ತಿರ ನಾಲ್ಕು ಎಕರೆ ತೋಟ ಕೊಂಡು, ಮೊದಲು ಮಾಡಿಸುವ ಕೆಲಸ ಕಲ್ಲುಕಂಬ, ತಂತಿಬೇಲಿ, ಕಬ್ಬಿಣದ ಗೇಟು. ಹಳೆಯ ಮಾಲೀಕ ಬಿಟ್ಟಿದ್ದ ಜಾಡು ಕ್ರಯಪತ್ರದಲ್ಲಿ ಇರುವುದಿಲ್ಲ. ದೂರದಲ್ಲಿರುವ ಮಾಲೀಕನಿಗೆ ಬೇಲಿ ಎಂದರೆ ಭದ್ರತೆ. ಪಕ್ಕದ ಹೊಲದವನಿಗೆ ಅದು ದಾರಿ ಬಂದ್. ಹೊರಗಿನಿಂದ ಹಣ ತಂದವರ ಬೇಲಿ ಊರಿನ ಬೇಲಿಗಿಂತ ಗಟ್ಟಿಯಾಗಿರುತ್ತದೆ, ಅವರ ವಕೀಲರೂ ದುಬಾರಿಯವರಾಗಿರುತ್ತಾರೆ. ಕಾನೂನಿನ ಎದುರು ಇಬ್ಬರೂ ಸಮಾನರು, ನಿಜ. ವಾಯಿದೆಗಳ ಎದುರು ಅಲ್ಲ.

ಏನಾಗಬೇಕು

ಮೊದಲು ಸರ್ಕಾರದ ಕೆಲಸ. 2020ರ ಏಪ್ರಿಲ್ 24ರಂದು ಶುರುವಾದ ಸ್ವಾಮಿತ್ವ ಯೋಜನೆಯ ಮೊದಲ ಹಂತದಲ್ಲಿ ಹರಿಯಾಣವೂ ಕರ್ನಾಟಕವೂ ಇದ್ದವು. ಕರ್ನಾಲ್ ಜಿಲ್ಲೆಯ ಸಿರ್ಸಿ ಗ್ರಾಮ ಅದಕ್ಕೂ ಮೊದಲೇ, 2020ರ ಜನವರಿ 26ಕ್ಕೆ, ಲಾಲ್ ಡೋರಾ ಮುಕ್ತವೆಂದು ಘೋಷಣೆಯಾಗಿತ್ತು. ಡ್ರೋನ್ ಮೂಲಕ ಊರಿನ ಮನೆಗಳನ್ನು ಅಳೆದು ಹಕ್ಕುಪತ್ರ ಕೊಡುವ ಈ ಕೆಲಸ ಒಳ್ಳೆಯದು. ಆದರೆ ಡ್ರೋನ್ ಇಂದಿನ ಗೋಡೆಯನ್ನು ಕಾಣುತ್ತದೆಯೇ ಹೊರತು ನಿನ್ನೆಯ ಓಣಿಯನ್ನಲ್ಲ. ಹಳೆಯ ನಕಾಶೆಯನ್ನು ಹೊಸ ಚಿತ್ರದ ಮೇಲೆ ಇಟ್ಟು ಹೋಲಿಸದೆ ಹಕ್ಕುಪತ್ರ ಕೊಟ್ಟರೆ, ಒತ್ತುವರಿಗೆ ಸರ್ಕಾರವೇ ಮೊಹರು ಒತ್ತಿದಂತೆ. ಮನೆಗಳಿಗೆ ಪತ್ರ ಕೊಡುವ ಮೊದಲು ದಾರಿಗಳಿಗೆ ಗಡಿಕಲ್ಲು ನೆಡಬೇಕು. ರಾಜಸ್ಥಾನದಂತೆ ಪರಿಹಾರ ಕೊಟ್ಟು ದಾರಿ ಪಡೆಯುವ ಅವಕಾಶವನ್ನು ಕರ್ನಾಟಕವೂ ಕಾನೂನಿನಲ್ಲೇ ಬರೆಯುವುದು ಒಳ್ಳೆಯದು. ಸುತ್ತೋಲೆಯ ಬಲ ಅಧಿಕಾರಿ ಬದಲಾಗುವವರೆಗೆ ಮಾತ್ರ. ನಗರೀಕೃತ ಹಳ್ಳಿಗಳಲ್ಲಿ ಪಂಚಾಯಿತಿ ಹೋದ ಮೇಲೆ ದಾರಿಗೆ ಹೊಣೆ ಯಾರು ಎಂದು ಹೆಸರು ಹಿಡಿದು ಹೇಳುವ ನಿಯಮ ಬೇಕು.

ನಮ್ಮ ಕೆಲಸ ಇದಕ್ಕಿಂತ ಸುಲಭ. ಗ್ರಾಮ ನಕಾಶೆ ಈಗ ಭೂದಾಖಲೆಗಳ ಇಲಾಖೆಯ ಜಾಲತಾಣದಲ್ಲೇ ಸಿಗುತ್ತದೆ. ‘ದಿಶಾಂಕ್’ ಆ್ಯಪ್‌ನಲ್ಲಿ ಸರ್ವೆ ನಂಬರಿನ ಗಡಿ ಕಾಣುತ್ತದೆ; ಅದು ಅಂದಾಜಿಗೆ ಮಾತ್ರ, ಪುರಾವೆಗೆ ಸರ್ವೆಯವರ ಟಿಪ್ಪಣಿ ನಕಲು, ಹದ್ದುಬಸ್ತು ಬೇಕು. ಮುಂದಿನ ಸಲ ಊರಿಗೆ ಹೋದಾಗ ದಾರಿಯ ಉದ್ದಕ್ಕೂ ನಡೆದು, ದಿನಾಂಕ ಬರುವಂತೆ ಫೋಟೊ ತೆಗೆದಿಟ್ಟುಕೊಳ್ಳಿ. ಊರಿನ ಹಿರಿಯರಿಂದ ದಾರಿಯ ಹಳೆಯ ಹೆಸರು ಕೇಳಿ ಬರೆದಿಟ್ಟುಕೊಳ್ಳಿ. ಸಾಕ್ಷಿ ಹೇಳಬಲ್ಲವರು ಎಂಬತ್ತು ದಾಟಿದವರು. ಅಡ್ಡಿ ಶುರುವಾದರೆ ಹಬ್ಬಕ್ಕೆ ಕಾಯದೆ ಅಂಚೆಯಲ್ಲಾದರೂ ತಹಶೀಲ್ದಾರರಿಗೆ ದೂರು ಕೊಟ್ಟು ಸ್ವೀಕೃತಿ ಇಟ್ಟುಕೊಳ್ಳಿ. ಆದರೆ ದೂರು ಕೊಟ್ಟದ್ದರಿಂದ ಎರಡು ವರ್ಷದ ಗಡಿಯಾರ ನಿಲ್ಲುವುದಿಲ್ಲ. ರೂಢಿದಾರಿಯಾದರೆ ವಕೀಲರನ್ನು ಬೇಗ ಕಾಣಿ. ಪಾಲುಪಟ್ಟಿ, ಕ್ರಯಪತ್ರ ಮಾಡಿಸುವಾಗ ದಾರಿಯ ಅಗಲ, ದಿಕ್ಕು, ಎಲ್ಲಿಂದ ಎಲ್ಲಿಗೆ ಎಂಬುದನ್ನು ಬರೆಸಿ.

ನೆರೆಯವರೊಂದಿಗೆ ರಾಜಿಯಾಗುವುದಾದರೆ ಅದಕ್ಕಿಂತ ಒಳ್ಳೆಯದು ಯಾವುದೂ ಇಲ್ಲ. ಆದರೆ ರಾಜಿಯನ್ನೂ ಬಾಯಿಮಾತಿನಲ್ಲಿ ಬಿಡದೆ ನೋಂದಣಿ ಮಾಡಿಸಿ. ಊರ ಕಟ್ಟೆಯ ಮಾತು ಕಟ್ಟೆಯಲ್ಲಿ ಕೂತವರು ಇರುವವರೆಗೆ. ಕಾಗದ ಅವರ ಮೊಮ್ಮಕ್ಕಳವರೆಗೆ.

ಕೊನೆಗೆ, ತೋಟಕ್ಕೆ ಬೇಲಿ ಹಾಕಿಸುವ ಮುನ್ನ ಒಮ್ಮೆ ನಕಾಶೆ ತೆಗೆದು ನೋಡಿ. ಅದರಲ್ಲಿ ಚುಕ್ಕಿಗೆರೆಯೊಂದು ನಿಮ್ಮ ಸರ್ವೆ ನಂಬರಿನೊಳಗೆ ಹಾದುಹೋಗಿದ್ದರೆ, ಅದರ ಅಗಲದಷ್ಟು ಬಿಟ್ಟು ಕಂಬ ನೆಡಿಸಿ. ನಮ್ಮ ದಾರಿ ತೆರೆಸಿ ಎಂದು ತಾಲ್ಲೂಕು ಕಚೇರಿಯ ಮುಂದೆ ನಿಂತಾಗ ಕೇಳುವ ನ್ಯಾಯವೂ ಇಷ್ಟೇ.